ಗಡಿಕಲ್ಲಿನ ವಿಷಯವಾಗಿ

ಹೊಲದ ಬದುವಿನಲ್ಲಿ ಅರ್ಧ ಹುಗಿದು ಅರ್ಧ ಮೇಲಕ್ಕೆ ಕಾಣುವ ಒಂದು ಕಲ್ಲಿನ ವಿಷಯವಾಗಿ ಈ ಸಾರಿ ಕೆಲವು ಮಾತುಗಳನ್ನು ಬರೆಯಬೇಕೆಂದಿದ್ದೇವೆ. ಇದು ಕಚೇರಿಯವರು ನೋಡಿಕೊಳ್ಳತಕ್ಕ ಕೆಲಸವಲ್ಲವೋ, ಇದರಲ್ಲಿ ಧರ್ಮದ ವಿಚಾರವೇನಿದೆ ಎಂದು ಯಾರಾದರೂ ಕೇಳಬಹುದು. ಆದರೆ ನಮ್ಮ ಹಳ್ಳಿಗಳಲ್ಲಿ ಒಂದೇ ತಾಯಿಯ ಹಾಲು ಕುಡಿದವರು ಮಾತು ಬಿಟ್ಟು ಬೇರೆ ಬೇರೆ ಬಾವಿಯ ನೀರು ಸೇದುವದಕ್ಕೆ ಕಾರಣವೇನೆಂದು ವಿಚಾರಿಸಿದರೆ, ಅನೇಕ ಸಾರಿ ಅದು ಒಂದು ಮೊಳ ಅಗಲದ ಬದುವೇ ಆಗಿರುತ್ತದೆ. ಆದದರಿಂದ ಕೇಳತಕ್ಕ ಪ್ರಶ್ನೆ ಏನಂದರೆ, ಭೂಮಿಯನ್ನು ಕರಾರುವಾಕ್ಕಾಗಿ ಅಳೆಯುವದೂ ಅಳೆದದ್ದನ್ನು ತಪ್ಪಿಲ್ಲದೆ ಬರೆದಿಡುವದೂ ಬರೇ ಜಾಣತನದ ಕೆಲಸವೋ, ಅಥವಾ ನಾವು ನೆರೆಯವನಿಗೆ ಸಲ್ಲಿಸತಕ್ಕ ಋಣವೋ?

ಈ ಪ್ರಶ್ನೆಗೆ ಥಟ್ಟನೆ ಉತ್ತರ ಕೊಡುವವರು ಎರಡು ಪಕ್ಷವಾಗಿದ್ದಾರೆ. ಒಂದು ಪಕ್ಷದವರು, “ಒಂದು ಗೇಣು ನೆಲಕ್ಕಾಗಿ ಸರಪಳಿ ಹಿಡಿಸುವವನು ಜಿಪುಣನು, ಮನಸ್ಸಿನಲ್ಲಿ ಪ್ರೀತಿ ಇದ್ದರೆ ಕಲ್ಲು ಯಾಕೆ?” ಅನ್ನುತ್ತಾರೆ. ಇನ್ನೊಂದು ಪಕ್ಷದವರು, “ಕಾಗದ ನನ್ನ ಕೈಯಲ್ಲಿದೆ, ಕಾಗದದಲ್ಲಿ ಇದ್ದದ್ದೇ ನ್ಯಾಯ, ಮತ್ತೇನೂ ಕೇಳಬೇಡ” ಅನ್ನುತ್ತಾರೆ. ಇವೆರಡೂ ಪೂರ್ಣ ಸತ್ಯವಲ್ಲವೆಂದು ತೋರಿಸುವದೇ ಈ ಬರಹದ ಉದ್ದೇಶ.

1. ಗಡಿ ಎಂಬುದು ಯಾರಿಗಾಗಿ?

ಮೊದಲು ಗಡಿಯ ಪ್ರಯೋಜನವನ್ನು ವಿಚಾರಿಸೋಣ. ಇಬ್ಬರು ಸ್ನೇಹಿತರು ಬದುಕಿ ಒಬ್ಬರನ್ನೊಬ್ಬರು ದಿನಾಲು ನೋಡುತ್ತಿರುವಾಗ ಅವರ ಹೊಲಗಳ ನಡುವೆ ಕಲ್ಲು ಇಲ್ಲದಿದ್ದರೂ ನಡೆದೀತು. “ಆ ಬೇವಿನ ಮರದಿಂದ ಈಚೆಗೆ ನನ್ನದು” ಎಂದು ಒಬ್ಬನು ಹೇಳಿದರೆ ಇನ್ನೊಬ್ಬನು ತಲೆದೂಗುವನು. ಆದರೆ ಮನುಷ್ಯರು ಸಾಯುತ್ತಾರೆ, ಮರಗಳು ಬೀಳುತ್ತವೆ, ಹಳ್ಳಗಳು ದಾರಿ ಬದಲಿಸುತ್ತವೆ, ಭೂಮಿಯಾದರೋ ಇದ್ದಲ್ಲಿಯೇ ಇರುತ್ತದೆ. ಬಾಯಿಮಾತು ಆಡಿದವನ ನಾಲಿಗೆಯ ಸಂಗಡ ಮಣ್ಣಾಗುವದು. ಆ ಮೇಲೆ ಬರುವವರು ಯಾರು? ವಿಧವೆಯು, ತಂದೆ ಇಲ್ಲದ ಮಕ್ಕಳು, ಪಟ್ಟಣಕ್ಕೆ ದುಡಿಯಲು ಹೋದ ತಮ್ಮನು, ಮದುವೆಯಾಗಿ ಪರವೂರಿಗೆ ಹೋದ ಮಗಳು. ಒಪ್ಪಂದವಾದ ದಿವಸ ಇವರು ಆ ಹೊಲದಲ್ಲಿ ನಿಂತಿರಲಿಲ್ಲ, ಬೇವಿನ ಮರವನ್ನು ಕಂಡವರೂ ಅಲ್ಲ. ಅಲ್ಲಿ ಇಲ್ಲದವರ ಪಕ್ಷವಾಗಿ ಮಾತಾಡುವ ಸಾಕ್ಷಿ ಯಾವದಂದರೆ ಸರಿಯಾದ ಸ್ಥಳದಲ್ಲಿ ಹುಗಿದ ಕಲ್ಲು ಮತ್ತು ಸರಿಯಾಗಿ ಬರೆದ ಪುಸ್ತಕ, ಇವೆರಡೇ.

ಆದದರಿಂದ ಗಡಿಯು ಮುಖ್ಯವಾಗಿ ಬಲಹೀನನಿಗೋಸ್ಕರ ಇದೆ. ಬಲವುಳ್ಳವನಿಗೆ ಗಡಿಕಲ್ಲು ಬೇಕಾಗಿಲ್ಲ. ಗಡಿ ಮಸುಕಾದ ಕಡೆಯಲ್ಲಿ ಎರಡು ಜೊತೆ ಎತ್ತು ಇದ್ದವನ ನೇಗಿಲೇ ಅಳತೆಗೋಲಾಗುವದು. ವರ್ಷಕ್ಕೆ ಒಂದೊಂದು ಸಾಲು ಬದುವನ್ನು ತಿಂದುಕೊಳ್ಳುತ್ತಾ ಹತ್ತು ವರ್ಷಗಳಲ್ಲಿ ಅವನು ಒಂದು ಪಟ್ಟಿಯನ್ನೇ ಸೇರಿಸಿಕೊಂಡಾನು. ಆ ಹೊತ್ತು ನೆರೆಮನೆಯ ವಿಧವೆಯು ಹೋಗಿ, “ಅಪ್ಪಾ, ಇದು ನಮ್ಮದಲ್ಲವೋ?” ಎಂದು ಕೇಳಿದರೆ, “ನಿನ್ನ ಹತ್ತಿರ ಏನು ಆಧಾರವಿದೆ, ತಾಯಿ?” ಅನ್ನುವ ಉತ್ತರ ಬರುವದು. ಸತ್ಯವೇದದಲ್ಲಿ ಧರ್ಮೋಪದೇಶಕಾಂಡವು ನೆರೆಯವನ ಗಡಿಯನ್ನು ಒತ್ತಬಾರದೆಂದು ಆಜ್ಞಾಪಿಸುವದೂ, ಜ್ಞಾನೋಕ್ತಿಗಳ ಪುಸ್ತಕವು ಅದೇ ಮಾತನ್ನು ಹೇಳುವಾಗ ದಿಕ್ಕಿಲ್ಲದವರ ಹೊಲಗಳನ್ನು ವಿಶೇಷವಾಗಿ ಹೆಸರಿಸುವದೂ ಈ ಕಾರಣದಿಂದಲೇ ಎಂದು ನಾವು ತಿಳಿಯುತ್ತೇವೆ.

2. ಪೂರ್ವಕಾಲದ ಅಳತೆಗಳು

ಪೂರ್ವಕಾಲದಲ್ಲಿ ನಮ್ಮ ದೇಶದವರು ಭೂಮಿಯನ್ನು ಅನೇಕ ಕಡೆಗಳಲ್ಲಿ ಬೀಜದಿಂದ ಎಣಿಸುತ್ತಿದ್ದರು. ಮೈಸೂರು ಸೀಮೆಯಲ್ಲಿ ಇಷ್ಟು ಖಂಡುಗ, ಇಷ್ಟು ಕೊಳಗ ಬೀಜ ಹಿಡಿಯುವ ಭೂಮಿ ಅನ್ನುವರು; ಧಾರವಾಡದ ಕಡೆ ಇಷ್ಟು ಕೂರಿಗೆ ಅನ್ನುವರು; ಕರಾವಳಿಯಲ್ಲಿ ಇಷ್ಟು ಮುಡಿ ಅನ್ನುವರು. ಇದು ರೈತನಿಗೆ ಅರ್ಥವಾಗುವ ಲೆಕ್ಕವೇ ಹೌದು, ಆದರೆ ಒಳ್ಳೇ ಭೂಮಿಗೂ ಕೆಟ್ಟ ಭೂಮಿಗೂ ಬೀಜ ಒಂದೇ ಪ್ರಮಾಣದಲ್ಲಿ ಹಿಡಿಯುವದಿಲ್ಲ, ಬಿತ್ತುವವನ ಕೈಯೂ ಒಂದೇ ರೀತಿಯಾಗಿರುವದಿಲ್ಲ. ಕೋಲಿನಿಂದ ಅಳೆಯುವ ಪದ್ಧತಿಯೂ ಇತ್ತು. ಬಳ್ಳಿಗಾವೆಯ ಶಾಸನಗಳಲ್ಲಿ ಭೇರುಂಡಗಳೆ ಎಂಬ ಅಳತೆಕೋಲಿನ ಹೆಸರು ದೊರೆಯುತ್ತದೆ. ದಾನ ಕೊಟ್ಟ ಭೂಮಿಯ ನಾಲ್ಕು ದಿಕ್ಕಿನ ಗಡಿಗಳನ್ನು ಕಲ್ಲಿನ ಮೇಲೆ ಕೆತ್ತಿಸಿ, ಅವನ್ನು ಕೆಡಿಸಿದವನಿಗೆ ಶಾಪ ಹಾಕಿದ ಶಾಸನಗಳು ಕನ್ನಡ ನಾಡಿನ ಊರೂರಿಗೂ ಇವೆ. ಗಡಿಯನ್ನು ಸ್ಪಷ್ಟವಾಗಿ ಹೇಳದಿದ್ದರೆ ಕೊಟ್ಟ ದಾನವೂ ಉಳಿಯಲಾರದೆಂದು ಆ ಕಾಲದವರು ಬಲ್ಲವರಾಗಿದ್ದರು.

ಈಗಿನ ಎಕರೆ ಗುಂಟೆಗಳ ಲೆಕ್ಕವು ಇಂಗ್ಲೀಷರ ಕಾಲದ ಮೋಜಣಿಯಿಂದ ಬಂದದ್ದು. ಅದರ ಚರಿತ್ರೆಯಲ್ಲಿ ನಮ್ಮ ಪ್ರಶ್ನೆಗೆ ಸಂಬಂಧಪಟ್ಟ ಒಂದು ದೊಡ್ಡ ಪಾಠವಿದೆ. ಮುಂಬಯಿ ಸರಕಾರದವರು 1827ರ ಸುಮಾರಿಗೆ ಪ್ರಿಂಗಲ್ ಎಂಬ ಅಧಿಕಾರಿಯ ಕೈಯಿಂದ ಪುಣೆಯ ಸೀಮೆಯಲ್ಲಿ ಮೋಜಣಿ ಮಾಡಿಸಲು ತೊಡಗಿದರು. ಅವನು ಬಹು ಓದಿದವನು. ಬೆಳೆಯ ಖರ್ಚು ಉತ್ಪನ್ನಗಳ ಲೆಕ್ಕವನ್ನು ಸೂಕ್ಷ್ಮವಾಗಿ ಕಟ್ಟಿದವನು. ಆದರೆ ಹೊಲದಲ್ಲಿ ಸರಪಳಿ ಎಳೆದ ಕೈಗಳು ಶುದ್ಧವಾಗಿರಲಿಲ್ಲ. ಲಂಚ ಕೊಟ್ಟವನ ಹೊಲ ಚಿಕ್ಕದಾಯಿತು, ಕೊಡದವನದು ದೊಡ್ಡದಾಯಿತು. ಮಣ್ಣಿನ ತರಗತಿಯೂ ಹಾಗೆಯೇ ಬರೆಯಲ್ಪಟ್ಟಿತು. ಆ ತಪ್ಪು ಅಂಕಿಗಳ ಮೇಲೆ ಭಾರವಾದ ಕಂದಾಯ ಕಟ್ಟಿದ್ದರಿಂದ ರೈತರು ಹೊಲಗಳನ್ನು ಬಿಟ್ಟುಬಿಟ್ಟರು, ಅನೇಕರು ಊರು ಬಿಟ್ಟು ಹೋದರು. ಮೇಲಣ ಲೆಕ್ಕ ಎಷ್ಟೇ ನಾಜೂಕಾಗಿದ್ದರೂ ಕೆಳಗಿನ ಅಳತೆ ಸುಳ್ಳಾಗಿದ್ದರೆ ಅದು ಮರಳ ಮೇಲೆ ಕಟ್ಟಿದ ಮನೆಯೇ.

ಇದರ ತರುವಾಯ ಗೋಲ್ಡ್‌ಸ್ಮಿಡ್ ಮತ್ತು ವಿಂಗೇಟ್ ಎಂಬವರು ಅದೇ ಸೀಮೆಯ ಇಂದಾಪುರ ತಾಲೂಕಿನಲ್ಲಿ ಕೆಲಸವನ್ನು ತಿರಿಗಿ ತೊಡಗಿ, ಹೊಲಗಳಿಗೆ ಸರ್ವೆ ನಂಬರು ಕೊಟ್ಟು, ಗಡಿಗಳಲ್ಲಿ ಬಾಂದು ಹಾಕಿಸಿ, ಕೆಳಗಿನವರು ಅಳೆದದ್ದನ್ನು ಮೇಲಿನವರು ಪುನಃ ಅಳೆದು ನೋಡುವ ಕ್ರಮವನ್ನು ಇಟ್ಟರು. ಕಂದಾಯವನ್ನು ತಗ್ಗಿಸಿ ಮೂವತ್ತು ವರ್ಷಗಳಿಗೆ ಗೊತ್ತುಮಾಡಿದರು. ಈ ಪದ್ಧತಿಯು ಧಾರವಾಡದ ಸೀಮೆಗೂ ಬಂತು, 1863ರಿಂದ ಮೈಸೂರಿನಲ್ಲಿಯೂ ನಡೆಯಿತು. ನಮ್ಮ ಅನೇಕ ಹೊಲಗಳ ಸರ್ವೆ ನಂಬರುಗಳ ಮೂಲವು ಅದೇ. ಮನುಷ್ಯರು ಎರಡೂ ಕಡೆ ಮನುಷ್ಯರೇ. ಆದರೆ ಒಂದು ಕಡೆಯಲ್ಲಿ ತಪ್ಪನ್ನು ಹುಡುಕುವ ಏರ್ಪಾಡು ಸಾಲದೆ ಹೋಯಿತು, ಇನ್ನೊಂದು ಕಡೆಯಲ್ಲಿ ಅದನ್ನು ಬೇಕೆಂದೇ ಇಟ್ಟರು. ತನ್ನ ಕೆಲಸವನ್ನು ಇನ್ನೊಬ್ಬನು ಪರೀಕ್ಷಿಸುವದಕ್ಕೆ ಒಪ್ಪಿಕೊಳ್ಳುವದು ಅವಮಾನವಲ್ಲ. ಅದು ಸತ್ಯವನ್ನು ಪ್ರೀತಿಸುವವನ ಗುರುತು.

3. ಸಣ್ಣ ತಪ್ಪು ಎಷ್ಟು ದೊಡ್ಡದು?

ಈಗ ಕೆಲವರು, “ಒಂದು ಬೆರಳು ಹೆಚ್ಚು ಕಡಿಮೆಯಾದರೆ ಏನಾಯಿತು?” ಎಂದು ಕೇಳುವರು. ಅವರಿಗೆ ಮಾತಿನಿಂದಲ್ಲ, ಲೆಕ್ಕದಿಂದಲೇ ಉತ್ತರ ಕೊಡೋಣ.

ಮೂವತ್ತಮೂರು ಅಡಿ ಉದ್ದ, ಮೂವತ್ತಮೂರು ಅಡಿ ಅಗಲವಾದ ನೆಲಕ್ಕೆ ಒಂದು ಗುಂಟೆ ಅನ್ನುತ್ತೇವೆ. ಅದು 1,089 ಚದರ ಅಡಿ. ಅಂಥ 40 ಗುಂಟೆಗೆ ಒಂದು ಎಕರೆ, ಅಂದರೆ 43,560 ಚದರ ಅಡಿ. 33 ಅಡಿಯ ಒಂದು ಕಬ್ಬಿಣದ ಸರಪಳಿಯು ಬಹುದಿನ ಎಳೆದಾಡಿದ್ದರಿಂದ ಕೊಂಡಿಗಳು ಸವೆದು ನಾಲ್ಕು ಅಂಗುಲ ಉದ್ದವಾಯಿತೆಂದು ಇಟ್ಟುಕೊಳ್ಳಿರಿ. ನಾಲ್ಕು ಅಂಗುಲವೆಂದರೆ ಒಂದು ಅಂಗೈ ಅಗಲ. ನೋಡುವ ಕಣ್ಣಿಗೆ ಏನೂ ಅಲ್ಲ. ಆದರೆ ಅದೇ ಸರಪಳಿಯಿಂದ ಐದು ಎಕರೆಯ ಹೊಲವನ್ನು ಅಳೆದರೆ, ಉದ್ದದಲ್ಲಿ ನೂರಕ್ಕೆ ಒಂದರಂತೆಯೂ ಅಗಲದಲ್ಲಿ ನೂರಕ್ಕೆ ಒಂದರಂತೆಯೂ ಕಡಿಮೆಯಾಗಿ ಬಂದು, 200 ಗುಂಟೆಯಿದ್ದ ಹೊಲವು ಪುಸ್ತಕದಲ್ಲಿ 196 ಗುಂಟೆಯಾಗುವದು. ನಾಲ್ಕು ಅಂಗುಲದ ಅಲಕ್ಷ್ಯವು ನಾಲ್ಕು ಗುಂಟೆಯನ್ನು ನುಂಗಿತು. ನಾಲ್ಕು ಗುಂಟೆಯಲ್ಲಿ ಒಂದು ಬಡ ಸಂಸಾರವು ಮನೆ ಕಟ್ಟಿ ಹಿತ್ತಲು ಮಾಡಿಕೊಂಡು ಬಾಳಬಹುದಲ್ಲವೋ?

ಇಳಿಜಾರಿನ ಹೊಲದ ವಿಷಯವು ಮತ್ತೊಂದು. ನೆಲಕ್ಕೆ ತಗಲಿಸಿಯೇ ಸರಪಳಿಯನ್ನು ಎಳೆದರೆ ಅಳತೆ ಹೆಚ್ಚಾಗಿ ಬರುವದು. ನೂರು ಅಡಿ ನಡೆಯುವಷ್ಟರಲ್ಲಿ ಇಪ್ಪತ್ತು ಅಡಿ ಏರುವ ಗುಡ್ಡದ ಮೈಯಲ್ಲಿ ಸಮತಲದ ಉದ್ದವು 98 ಅಡಿಗಿಂತ ಸ್ವಲ್ಪ ಕಡಿಮೆಯೇ. ಅದಕ್ಕಾಗಿ ಬಲ್ಲ ಮೋಜಣಿದಾರನು ಸರಪಳಿಯನ್ನು ಮಟ್ಟವಾಗಿ ಹಿಡಿದು ಮೆಟ್ಟಲು ಮೆಟ್ಟಲಾಗಿ ಇಳಿಯುತ್ತಾನೆ. ಇದಲ್ಲದೆ, ನಾಲ್ಕು ಬದಿಗಳನ್ನು ಮಾತ್ರ ಅಳೆದರೆ ಸಾಕೆಂದು ತಿಳಿಯುವವರು ಬಹಳ ಜನರಿದ್ದಾರೆ. ನಾಲ್ಕೂ ಬದಿ ನೂರು ನೂರು ಅಡಿಯಿರುವ ಚೌಕದ ವಿಸ್ತೀರ್ಣ 10,000 ಚದರ ಅಡಿ. ಅದನ್ನೇ ಒಂದು ಕಡೆಗೆ ಒರಗಿಸಿ ಎದುರು ಬದಿಗಳ ನಡುವಣ ಅಂತರ 80 ಅಡಿಯಾಗುವಂತೆ ಮಾಡಿದರೆ, ಬದಿಗಳು ಮೊದಲಿನಷ್ಟೇ ಇದ್ದರೂ ವಿಸ್ತೀರ್ಣ 8,000 ಚದರ ಅಡಿಗೆ ಇಳಿಯುವದು. ಸುಮಾರು ಎರಡು ಗುಂಟೆ ಮಾಯವಾಯಿತು! ಆದದರಿಂದ ಮೂಲೆಯಿಂದ ಮೂಲೆಗೆ ಕರ್ಣವನ್ನು ಸಹ ಅಳೆಯಬೇಕು. ನಾಲ್ಕು ಬದಿಗಳ ಉದ್ದವನ್ನು ಮಾತ್ರ ಬರೆದಿರುವ ಕ್ರಯಪತ್ರವನ್ನು ಕೊಂಡುಕೊಂಡವನು ತಾನು ಎಷ್ಟು ನೆಲ ಕೊಂಡೆನೆಂದು ತಿಳಿಯಲಾರನು.

ಹೀಗಿರುವದರಿಂದ ಅಳೆಯುವವನು ಮೊದಲು ತನ್ನ ಅಳತೆಗೋಲನ್ನು ಅಳೆಯಬೇಕು. ಈ ವಿಷಯದಲ್ಲಿ ಲ್ಯಾಂಬ್ಟನ್ ಎಂಬವನ ನಡತೆ ನೆನಪಿಗೆ ತಕ್ಕದ್ದು. ಹಿಂದೂದೇಶವನ್ನೆಲ್ಲಾ ತ್ರಿಕೋಣಗಳಿಂದ ಅಳೆಯುವ ಮಹಾ ಮೋಜಣಿಯನ್ನು ಅವನು 1802ರಲ್ಲಿ ಮದ್ರಾಸಿನ ಸಂತ ತೋಮನ ಬೆಟ್ಟದ ಹತ್ತಿರ ತೊಡಗಿದನು. ಅಲ್ಲಿ ಸುಮಾರು ಏಳೂವರೆ ಮೈಲಿನ ಒಂದೇ ಒಂದು ಗೆರೆಯನ್ನು ಅಳೆಯುವದಕ್ಕೆ ಅವನು 57 ದಿವಸಗಳನ್ನು ವೆಚ್ಚಮಾಡಿದನು. ನೂರು ಅಡಿಯ ಉಕ್ಕಿನ ಸರಪಳಿಯು ಬಿಸಿಲಿಗೆ ಹಿಗ್ಗುವದೆಂದು ಅದನ್ನು ಮರದ ಪೆಟ್ಟಿಗೆಗಳಲ್ಲಿ ಇರಿಸಿ, ಉಷ್ಣಮಾಪಕವನ್ನು ಇಟ್ಟು, ಶಾಖದ ಲೆಕ್ಕವನ್ನು ಸಹ ಬರೆದುಕೊಂಡನು. ಆ ಗೆರೆಯಿಂದ ಲೆಕ್ಕ ಕಟ್ಟುತ್ತಾ ಪಶ್ಚಿಮಕ್ಕೆ ಬಂದು, 1804ರಲ್ಲಿ ಬೆಂಗಳೂರಿನ ಬಳಿಯಲ್ಲಿ ಇನ್ನೊಂದು ಗೆರೆಯನ್ನು ಸರಪಳಿಯಿಂದಲೇ ಅಳೆದು ತನ್ನ ಲೆಕ್ಕವು ಸರಿಯೋ ಎಂದು ಪರೀಕ್ಷಿಸಿದನು. ಮುಂದೆ 1808ರಲ್ಲಿ ತಂಜಾವೂರಿನ ದೇವಾಲಯದ ಗೋಪುರಕ್ಕೆ ಅವನ ಅರ್ಧ ಟನ್ ತೂಕದ ಕೋನಯಂತ್ರವನ್ನು ಹಗ್ಗಗಳಿಂದ ಏರಿಸುತ್ತಿರುವಾಗ ಹಗ್ಗ ಹರಿದು ಯಂತ್ರವು ಗೋಡೆಗೆ ಬಡಿಯಿತು. ಅದರ ಚಕ್ರ ಸೊಟ್ಟಗಾಯಿತು. ಅವನು ಸೊಟ್ಟ ಯಂತ್ರದಿಂದ ಕೆಲಸವನ್ನು ಸಾಗಿಸದೆ, ಆರು ವಾರಗಳ ವರೆಗೆ ಕೂತು ಅದನ್ನು ಸ್ವಂತ ಕೈಯಿಂದ ಸರಿಮಾಡಿದನು. ಆ ಆರು ವಾರಗಳಲ್ಲಿ ಅವನು ಒಂದು ಮೊಳ ಭೂಮಿಯನ್ನಾದರೂ ಅಳೆಯಲಿಲ್ಲ. ಆದರೂ ಅವನ ಕೆಲಸದಲ್ಲಿ ಬಹು ಪ್ರಾಮಾಣಿಕವಾದ ದಿವಸಗಳು ಅವೇ ಎಂದು ನಮಗೆ ತೋರುತ್ತದೆ.

ಇಲ್ಲಿ ಇನ್ನೊಂದು ಸಂದೇಹವುಂಟು. ಮನುಷ್ಯನ ಅಳತೆ ಎಂದಿಗೂ ಪೂರ್ಣವಾಗಲಾರದು. ಹಾಗಾದರೆ ಇಷ್ಟು ಸೂಕ್ಷ್ಮವಾಗಿ ನೋಡುವದೇಕೆ? ಉತ್ತರವೇನಂದರೆ, ತಪ್ಪಿಗೂ ಮೋಸಕ್ಕೂ ಭೇದವಿದೆ, ಹಾಗೆಯೇ ತಪ್ಪಿಗೂ ಅಲಕ್ಷ್ಯಕ್ಕೂ ಭೇದವಿದೆ. ತನ್ನ ಶಕ್ತಿಯಿದ್ದಷ್ಟು ಜಾಗ್ರತೆ ಮಾಡಿ, ಎರಡು ಸಾರಿ ಅಳೆದು, ಎರಡರ ವ್ಯತ್ಯಾಸವನ್ನು ಮರೆಮಾಡದೆ ಹೇಳುವವನು ಸ್ವಲ್ಪ ತಪ್ಪಿದರೂ ನಿರ್ದೋಷಿಯು. ಸುಲಭವಾಗಿ ತಿಳಿಯಬಹುದಾಗಿದ್ದದ್ದನ್ನು ತಿಳಿಯಲು ಮನಸ್ಸಿಲ್ಲದೆ, “ಸುಮಾರು ಇಷ್ಟೇ ಇರಲಿ” ಎಂದು ಇನ್ನೊಬ್ಬನ ಅನ್ನದ ಮೇಲೆ ಗೆರೆ ಎಳೆಯುವವನು ನಿರ್ದೋಷಿಯಲ್ಲ. ತನ್ನ ಅಳತೆಯಿಂದ ನಷ್ಟವಾಗುವದು ತನಗಲ್ಲ, ಇನ್ನೊಬ್ಬನಿಗೆ ಎಂಬದನ್ನು ಅವನು ಬಲ್ಲನಷ್ಟೆ.

4. ಪುಸ್ತಕದ ಸತ್ಯ

ಸರಿಯಾಗಿ ಅಳೆದ ಮಾತ್ರಕ್ಕೆ ಸಾಲದು, ಸರಿಯಾಗಿ ಬರೆಯಬೇಕು. ಭೂಮಿಯ ವಿಷಯದಲ್ಲಿ ಮೂರು ಸಾಕ್ಷಿಗಳಿವೆ. ಒಂದು, ನೆಲದ ಮೇಲಿನ ಗಡಿ ಮತ್ತು ಅನುಭವ. ಎರಡನೆಯದು, ಉಪನೋಂದಣಿ ಕಚೇರಿಯಲ್ಲಿ ರಿಜಿಸ್ಟರಾದ ಪತ್ರ. ಮೂರನೆಯದು, ಸರಕಾರದ ಪುಸ್ತಕಗಳು, ಅಂದರೆ ಮೋಜಣಿಯ ಟಿಪ್ಪಣಿ, ಆಕಾರಬಂದು, ಪಹಣಿ ಮುಂತಾದವುಗಳು. ಈ ಮೂವರು ಸಾಕ್ಷಿಗಳ ಮಾತು ಒಂದಾದರೆ ಆ ಸಂಸಾರವು ನೆಮ್ಮದಿಯಿಂದ ನಿದ್ರೆಮಾಡುವದು. ಒಂದೊಂದು ಒಂದೊಂದು ಮಾತು ಹೇಳಿದರೆ ವಕೀಲರ ಮನೆಯ ದಾರಿಯೇ ದಾರಿ. ರಿಜಿಸ್ಟರು ಕಚೇರಿಯವರು ಪತ್ರವನ್ನು ಬರೆದುಕೊಳ್ಳುವರೇ ಹೊರತು ಮಾರಿದವನು ನಿಜವಾದ ಒಡೆಯನೆಂದು ಹೊಣೆ ಹೊರುವದಿಲ್ಲ. ಪಹಣಿಯ ಬರಹವಾದರೋ, 1964ರ ಭೂಕಂದಾಯ ಕಾಯಿದೆಯ ಪ್ರಕಾರ, ಸುಳ್ಳೆಂದು ರುಜುವಾತಾಗುವ ವರೆಗೆ ಸತ್ಯವೆಂದು ಎಣಿಸಲ್ಪಡುವದು. ಸುಳ್ಳು ಬರಹವನ್ನು ಸುಳ್ಳೆಂದು ತೋರಿಸುವ ಭಾರವು ಅನ್ಯಾಯ ಹೊಂದಿದವನ ತಲೆಯ ಮೇಲೆ ಬೀಳುವದು. ಬರೆಯುವ ಕೈಯು ಎಷ್ಟು ಭಯದಿಂದ ಬರೆಯತಕ್ಕದ್ದೆಂದು ಇದರಿಂದ ತಿಳಿಯಿರಿ.

ಒಂದು ಸಾಲಿನ ಬರಹದಿಂದ ಎಷ್ಟು ಆಗುವದೆಂಬದಕ್ಕೆ 1974ರ ಭೂಸುಧಾರಣೆಯೇ ದೃಷ್ಟಾಂತ. ಆ ವರ್ಷ ಮಾರ್ಚ್ 1ನೇ ತಾರೀಖಿನಿಂದ ಗೇಣಿಯ ಭೂಮಿಗಳು ಸರಕಾರಕ್ಕೆ ಸೇರಿ, ಉಳುತ್ತಿದ್ದ ಗೇಣಿದಾರರು ಅರ್ಜಿ ಕೊಟ್ಟು ಭೂನ್ಯಾಯಮಂಡಲಿಯ ಮುಂದೆ ತಮ್ಮ ಸಾಗುವಳಿಯನ್ನು ತೋರಿಸಿದರೆ ಒಡೆತನವನ್ನು ಹೊಂದುವಂತಾಯಿತು. ಪಹಣಿಯ ಸಾಗುವಳಿದಾರನ ಅಂಕಣದಲ್ಲಿ ಹೆಸರಿದ್ದ ಬಡವನಿಗೆ ಅದೇ ದೊಡ್ಡ ಸಾಕ್ಷಿಯಾಯಿತು. ತಲೆತಲಾಂತರದಿಂದ ಉತ್ತಿದ್ದರೂ ಆ ಅಂಕಣದಲ್ಲಿ ಹೆಸರು ಬರೆಯಿಸದೆ ಇದ್ದವನು ಸಾಕ್ಷಿಗಳನ್ನು ಹುಡುಕುತ್ತಾ ಮನೆಮನೆ ತಿರುಗಬೇಕಾಯಿತು. ಲೆಕ್ಕಣಿಕೆಯ ಒಂದು ಗೆರೆಯು ಒಂದು ಸಂಸಾರದ ಮೂರು ತಲೆಯ ಬದುಕಾಯಿತು.

ನಮ್ಮ ಸಭೆಗಳವರಿಗೆ ವಿಶೇಷವಾಗಿ ಸೇರಿದ ಒಂದು ಮಾತನ್ನು ಇಲ್ಲಿ ಹೇಳಬೇಕು. ನಮ್ಮಲ್ಲಿ ಅನೇಕರಿಗೆ ಎರಡು ಹೆಸರುಗಳುಂಟು. ಹಿರಿಯರು ಇಟ್ಟ ಹೆಸರು ಪಹಣಿಯಲ್ಲಿದೆ. ದೀಕ್ಷಾಸ್ನಾನದ ಹೆಸರು ಸಭೆಯ ಪುಸ್ತಕದಲ್ಲಿಯೂ ಶಾಲೆಯ ಪತ್ರದಲ್ಲಿಯೂ ಇದೆ. ತಂದೆಯು ಪಹಣಿಯಲ್ಲಿ ಹನುಮಂತನು, ಮಗನ ಪತ್ರಗಳಲ್ಲಿ ಯೋಹಾನನು. ಇಬ್ಬರೂ ಒಬ್ಬನೇ ಎಂದು ಊರವರೆಲ್ಲಾ ಬಲ್ಲರು, ಆದರೆ ಊರವರೆಲ್ಲಾ ತೀರಿಹೋದ ಮೇಲೆ ಬಲ್ಲವರಾರು? ಬದುಕಿರುವಾಗಲೇ ಈ ಎರಡು ಹೆಸರು ಒಬ್ಬ ಮನುಷ್ಯನದೇ ಎಂದು ಕಚೇರಿಯ ಬರಹದಲ್ಲಿ ಸೇರಿಸಿಡುವದು ಮಕ್ಕಳಿಗೆ ಮಾಡುವ ದೊಡ್ಡ ಉಪಕಾರ. ಮತವನ್ನು ಬಿಟ್ಟದ್ದರಿಂದ ಪಿತ್ರಾರ್ಜಿತದ ಹಕ್ಕು ತಪ್ಪುವದಿಲ್ಲವೆಂದು 1850ರಷ್ಟು ಹಿಂದೆಯೇ ಕಾಯಿದೆಯಾಯಿತು. ಉಯಿಲು ಇಲ್ಲದೆ ಸತ್ತ ಕ್ರೈಸ್ತನ ಆಸ್ತಿಯಲ್ಲಿ, ಅವನಿಗೆ ಹೆಂಡತಿ ಮಕ್ಕಳಿದ್ದರೆ, 1925ರ ವಾರಸಾ ಕಾಯಿದೆಯ ಪ್ರಕಾರ ಹೆಂಡತಿಗೆ ಮೂರರಲ್ಲಿ ಒಂದು ಪಾಲು. ಉಳಿದದ್ದರಲ್ಲಿ ಗಂಡುಮಕ್ಕಳಿಗೂ ಹೆಣ್ಣುಮಕ್ಕಳಿಗೂ ಸಮಪಾಲು. ಆದರೆ ಅಕ್ಕತಂಗಿಯರ ಹೆಸರನ್ನು ವಂಶವೃಕ್ಷದಲ್ಲಿ ಬರೆಯದೆ ಬಿಟ್ಟು ಖಾತೆ ಮಾಡಿಸಿಕೊಂಡರೆ ಆ ಕಾಯಿದೆಯಿಂದ ಅವರಿಗೆ ಏನು ಪ್ರಯೋಜನ? ಸರಪಳಿಯನ್ನು ನಾಲ್ಕು ಅಂಗುಲ ಎಳೆದವನಿಗಿಂತ ಪಟ್ಟಿಯಿಂದ ಒಂದು ಹೆಸರನ್ನು ಬಿಟ್ಟವನು ಹೆಚ್ಚು ಕದ್ದನು. ಬರೆಯದೆ ಬಿಟ್ಟದ್ದು ಸಹ ಸುಳ್ಳು ಬರಹವೇ.

ಈಗ ಕರ್ನಾಟಕದಲ್ಲಿ ಕೈಬರಹದ ಪಹಣಿ ಹೋಗಿ, ‘ಭೂಮಿ’ ಎಂಬ ಏರ್ಪಾಡಿನಿಂದ ಸುಮಾರು ಎರಡು ಕೋಟಿ ಪಹಣಿಗಳು ಗಣಕಯಂತ್ರಕ್ಕೆ ಸೇರಿದವು. ಶ್ಯಾನುಭೋಗರ ಪುಸ್ತಕವು ಅವರ ಮನೆಯ ಪೆಟ್ಟಿಗೆಯಲ್ಲಿದ್ದ ದಿವಸಗಳನ್ನು ಹಿರಿಯರಿಂದ ಕೇಳಿದವರು ಇದು ಎಂಥ ಉಪಕಾರವೆಂದು ಬಲ್ಲರು. 2020ರಿಂದ ಹಳ್ಳಿಯ ಮನೆನಿವೇಶನಗಳನ್ನು ಆಕಾಶದಲ್ಲಿ ಹಾರುವ ಡ್ರೋನ್ ಯಂತ್ರದಿಂದ ಅಳೆಯುವ ‘ಸ್ವಾಮಿತ್ವ’ ಎಂಬ ಯೋಜನೆಯೂ ಬಂದಿದೆ. ಆದರೂ ಯಂತ್ರಕ್ಕೆ ಮನಸ್ಸಾಕ್ಷಿಯಿಲ್ಲ. ಹಳೆಯ ಪುಸ್ತಕದಲ್ಲಿ ಎರಡು ಎಕರೆಯು ಮೂರೆಂದು ಬಿದ್ದಿದ್ದರೆ ಯಂತ್ರವು ಅದೇ ಮೂರನ್ನು ಅಂದವಾದ ಅಕ್ಷರಗಳಲ್ಲಿ ಅಚ್ಚುಮಾಡಿ ಕೊಡುವದು. ಅಂದವಾದ ಅಕ್ಷರವನ್ನು ಕಂಡು ಸತ್ಯವೆಂದು ನಂಬಿ ಓದದೆ ಮಡಚಿಡುವದು ಬುದ್ಧಿಯಲ್ಲ.

5. ಅಳತೆ ಮತ್ತು ಪ್ರೀತಿ

ಆರಂಭದಲ್ಲಿ ಹೇಳಿದ ಮೊದಲನೆಯ ಪಕ್ಷದವರ ಮಾತಿಗೆ ಈಗ ಬರೋಣ. ಪ್ರೀತಿ ಇದ್ದರೆ ಕಲ್ಲು ಯಾಕೆ? ಈ ಪ್ರಶ್ನೆಗೆ ಅಬ್ರಹಾಮನ ನಡತೆಯೇ ಉತ್ತರ. ತನ್ನ ಮತ್ತು ಲೋಟನ ದನಕಾಯುವವರಲ್ಲಿ ಜಗಳವಾದಾಗ ಹಿರಿಯನಾದ ಅವನು ಕಿರಿಯನಿಗೆ, ಬೇಕಾದ ಕಡೆಯನ್ನು ನೀನೇ ಆರಿಸಿಕೋ ಎಂದು ಬಿಟ್ಟುಕೊಟ್ಟನು. ಇವನು ಜಿಪುಣನಲ್ಲ. ಆದರೆ ಸಾರಳನ್ನು ಹೂಣಿಡುವದಕ್ಕೆ ಭೂಮಿ ಬೇಕಾದಾಗ, ಎಫ್ರೋನನು ಸುಮ್ಮನೆ ತೆಗೆದುಕೋ ಅಂದರೂ ಅವನು ಒಪ್ಪದೆ, ಊರಬಾಗಿಲಲ್ಲಿ ಎಲ್ಲರ ಮುಂದೆ 400 ಶೆಕೆಲ್ ಬೆಳ್ಳಿಯನ್ನು ತೂಗಿ ಕೊಟ್ಟನು. ಹೊಲವೂ ಗುಹೆಯೂ ಮೇರೆಯೊಳಗಿನ ಮರಗಳೂ ಒಂದೊಂದಾಗಿ ಹೆಸರು ಹೇಳಿ ಅವನಿಗೆ ಸ್ಥಿರವಾದವು. ಬಿಟ್ಟುಕೊಡುವದರಲ್ಲಿ ಧಾರಾಳವಾಗಿದ್ದ ಮನುಷ್ಯನೇ ಬರಹದಲ್ಲಿ ಕರಾರುವಾಕ್ಕಾಗಿದ್ದನು. ಇವೆರಡಕ್ಕೂ ವಿರೋಧವಿಲ್ಲ. ಯಾಕಂದರೆ ತನ್ನದು ಎಲ್ಲಿಯ ವರೆಗೆ ಎಂದು ತಿಳಿದವನು ಮಾತ್ರ ನಿಜವಾಗಿ ದಾನಮಾಡಬಲ್ಲನು. ಗಡಿ ತಿಳಿಯದವನು ದಾನಮಾಡಿದ್ದು ಒಂದು ವೇಳೆ ನೆರೆಯವನ ನೆಲವಾಗಿದ್ದೀತು. ತಮ್ಮನಿಗೆ ಎರಡು ಗುಂಟೆ ಬಿಟ್ಟುಕೊಡಬೇಕೆಂದು ನಿಮಗೆ ಮನಸ್ಸಿದ್ದರೆ ಅಳೆದು, ಪತ್ರ ಮಾಡಿ, ಬಿಟ್ಟುಕೊಡಿರಿ. ಆಗ ನಿಮ್ಮ ಪ್ರೀತಿಯು ನಿಮ್ಮ ಮಕ್ಕಳ ಕಾಲದಲ್ಲಿಯೂ ಪ್ರೀತಿಯಾಗಿಯೇ ಉಳಿಯುವದು, ವ್ಯಾಜ್ಯವಾಗದು.

ಇನ್ನು, ಕಾಗದವೇ ನ್ಯಾಯವೆನ್ನುವ ಎರಡನೆಯ ಪಕ್ಷದವರು ನಾಬೋತನ ಕಥೆಯನ್ನು ಓದಲಿ. ಅಹಾಬನ ಅರಮನೆಯ ಮಗ್ಗುಲಲ್ಲಿ ಇಜ್ರೇಲಿನ ನಾಬೋತನಿಗೆ ಒಂದು ದ್ರಾಕ್ಷೇತೋಟವಿತ್ತು. ಅದನ್ನು ಕಸಿದುಕೊಳ್ಳುವದಕ್ಕೆ ಈಜೆಬೆಲಳು ಕತ್ತಿ ಹಿಡಿದು ಹೋಗಲಿಲ್ಲ. ಅರಸನ ಹೆಸರಿನಲ್ಲಿ ಪತ್ರಗಳನ್ನು ಬರೆದು ಅರಸನ ಮುದ್ರೆ ಹಾಕಿದಳು. ಇಬ್ಬರು ಸಾಕ್ಷಿಗಳು ಬಂದರು. ಹಿರಿಯರು ಕೂತು ವಿಚಾರಣೆ ಮಾಡಿದರು. ಕ್ರಮವೆಲ್ಲಾ ತಪ್ಪಿಲ್ಲದೆ ನಡೆಯಿತು, ಸತ್ಯವೊಂದು ಮಾತ್ರ ಇರಲಿಲ್ಲ. ಆದದರಿಂದ ಬರಹವು ಸರಿಯಾಗಿದೆ ಎಂಬ ಮಾತ್ರಕ್ಕೆ ನ್ಯಾಯವಾಯಿತೆಂದು ಹೇಳಕೂಡದು. ಮೋಜಣಿಯ ಪುಸ್ತಕಗಳೂ ಆರಂಭದಲ್ಲಿ ಬಡವರ ಹಕ್ಕಿಗಾಗಿ ಹುಟ್ಟಿದವುಗಳಲ್ಲ, ಕಂದಾಯಕ್ಕಾಗಿಯೇ ಹುಟ್ಟಿದವು. ಅಡವಿಯ ಅಂಚಿನಲ್ಲಿ ತಲೆತಲಾಂತರದಿಂದ ಬಾಳಿದ ಜನರ ನೆಲವು ಅವರ ಕೈಯಲ್ಲಿ ಕಾಗದವಿಲ್ಲದ್ದರಿಂದ ಸರಕಾರದ್ದೆಂದು ಬರೆಯಲ್ಪಟ್ಟದ್ದುಂಟು. ಈ ಅನ್ಯಾಯವನ್ನು ತಿದ್ದುವದಕ್ಕೆ 2006ರಲ್ಲಿ ಅರಣ್ಯಹಕ್ಕುಗಳ ಕಾಯಿದೆಯಾಯಿತು, ಅದರ ನಿಯಮಗಳು ಊರ ಹಿರಿಯರು ಬಾಯಿಂದ ಹೇಳಿದ್ದನ್ನು ಬರೆದುಕೊಂಡು ಸಾಕ್ಷಿಯಾಗಿ ಎಣಿಸುವದಕ್ಕೆ ಒಪ್ಪುತ್ತವೆ. ಇದು ಅಳತೆಯನ್ನು ಸಡಿಲಿಸುವದಲ್ಲ. ನೆಲದ ಮೇಲೆ ಬಾಳಿದವರನ್ನು ಬಿಟ್ಟು ನೆಲವನ್ನು ಮಾತ್ರ ಅಳೆದದ್ದು ಅರೆ ಅಳತೆಯೆಂದು ಒಪ್ಪಿಕೊಂಡು ಅದನ್ನು ಪೂರ್ತಿಮಾಡುವದಾಗಿದೆ.

ಹಾಗಾದರೆ ನಮ್ಮ ಪ್ರಶ್ನೆಗೆ ಉತ್ತರವೇನು? ಕರಾರುವಾಕ್ಕಾದ ಅಳತೆಯು ತಾನೇ ನ್ಯಾಯವಲ್ಲ, ಆದರೆ ಅದಿಲ್ಲದೆ ನ್ಯಾಯಕ್ಕೆ ನಿಲ್ಲಲು ಕಾಲಿಲ್ಲ. ಒಳ್ಳೇ ಮನಸ್ಸುಳ್ಳವನು ತಪ್ಪು ಅಳತೆಯಿಂದ ತಿಳಿಯದೆ ಅನ್ಯಾಯ ಮಾಡುವನು. ಕೆಟ್ಟ ಮನಸ್ಸುಳ್ಳವನು ಸರಿಯಾದ ಅಳತೆಯನ್ನು ಹಿಡಿದೇ ಅನ್ಯಾಯ ಮಾಡುವನು. ಮನಸ್ಸೂ ಸರಪಳಿಯೂ ಎರಡೂ ನೆಟ್ಟಗಿರಬೇಕು.

6. ಮಾಡತಕ್ಕವುಗಳು

ಕೇಳಿ ಸುಮ್ಮನಿರುವದರಿಂದ ಫಲವಿಲ್ಲವಾದ್ದರಿಂದ ಕೆಲವು ಕೆಲಸಗಳನ್ನು ಇಲ್ಲಿ ಸೂಚಿಸುತ್ತೇವೆ. ನಿಮ್ಮ ಹೊಲದ ಪಹಣಿಯನ್ನು ತರಿಸಿ, ಹೆಸರು, ವಿಸ್ತೀರ್ಣ, ಖರಾಬು, ಸಾಲದ ಅಂಕಣ ಇವೆಲ್ಲವನ್ನು ಓದಬಲ್ಲವರಿಂದ ಗಟ್ಟಿಯಾಗಿ ಓದಿಸಿ ಕೇಳಿರಿ. ಆಕಾರಬಂದಿನ ವಿಸ್ತೀರ್ಣಕ್ಕೂ ಪಹಣಿಯದಕ್ಕೂ ಹೊಂದಿಕೆಯಿದೆಯೋ ಎಂದು ನೋಡಿರಿ. ತಂದೆಯು ತೀರಿಹೋಗಿದ್ದರೆ ಪೌತಿ ಖಾತೆಯನ್ನು ತಡಮಾಡದೆ ಮಾಡಿಸಿರಿ, ಅದರಲ್ಲಿ ತಾಯಿಯ ಹೆಸರನ್ನೂ ಅಕ್ಕತಂಗಿಯರ ಹೆಸರನ್ನೂ ಬಿಡಬೇಡಿರಿ. ಬಾಯಿಮಾತಿನಲ್ಲಿ ಪಾಲಾಗಿದ್ದರೆ ಹಿರಿಯರು ಇರುವಾಗಲೇ ಅಳತೆ ಮಾಡಿಸಿ ಪೋಡಿಯಾಗುವಂತೆ ನೋಡಿಕೊಳ್ಳಿರಿ. ಒಂದು ಸರ್ವೆ ನಂಬರಿನ ಒಂದು ಭಾಗವನ್ನು ಕೊಳ್ಳುವಾಗ 11ಇ ನಕ್ಷೆಯನ್ನು ಕೈಯಲ್ಲಿ ಹಿಡಿದು ಹೊಲಕ್ಕೆ ಹೋಗಿ, ನಕ್ಷೆಯೂ ನೆಲವೂ ಒಂದೇ ಹೌದೋ ಎಂದು ನಡೆದು ನೋಡಿರಿ. ಗಡಿಯಲ್ಲಿ ಸಂದೇಹ ಬಂದರೆ ಕೈಮಾಡುವದಕ್ಕೆ ಮುಂಚೆ ಹದ್ದುಬಸ್ತಿಗೆ ಅರ್ಜಿ ಕೊಡಿರಿ. ಅಳೆಯುವ ದಿವಸ ಎದುರಾಳಿಯನ್ನು ಮರೆಮಾಡದೆ ಕರೆಯಿರಿ. ಅವನ ಕಣ್ಣ ಮುಂದೆ ಹುಗಿದ ಕಲ್ಲು ರಾತ್ರಿ ಹುಗಿದ ಕಲ್ಲಿಗಿಂತ ಗಟ್ಟಿಯಾಗಿ ನಿಲ್ಲುವದು. ಅಳತೆಯಲ್ಲಿ ನಿಮ್ಮ ಕಡೆಗೆ ಹೆಚ್ಚು ನೆಲ ಬಂದದ್ದು ನೆರೆಯವನದೆಂದು ಕಂಡರೆ, ಬೆಳೆ ಕೊಯ್ದ ಮೇಲೆ ಅದನ್ನು ಅವನಿಗೆ ತಿರಿಗಿ ಒಪ್ಪಿಸಿರಿ. ಕೊನೆಯದಾಗಿ, ಪಂಚರಾಗಿ ಸಹಿ ಹಾಕಲು ಯಾರಾದರೂ ಕರೆದರೆ ಹೊಲವನ್ನು ನೋಡದೆ ಸಹಿ ಹಾಕಬೇಡಿರಿ. ನೋಡದೆ ಹಾಕಿದ ಸಹಿಯು ಸುಳ್ಳುಸಾಕ್ಷಿಯಲ್ಲದೆ ಮತ್ತೇನು?

ಯೆರೂಸಲೇಮು ಶತ್ರುಗಳಿಂದ ಮುತ್ತಲ್ಪಟ್ಟು ಊರೇ ಹಾಳಾಗುವ ಸಮಯದಲ್ಲಿ ಪ್ರವಾದಿಯಾದ ಯೆರೆಮೀಯನು ಅನಾತೋತಿನ ಹೊಲವನ್ನು ತನ್ನ ಚಿಕ್ಕಪ್ಪನ ಮಗನಾದ ಹನಮೇಲನಿಂದ ಕೊಂಡುಕೊಂಡನು. 17 ಶೆಕೆಲ್ ಬೆಳ್ಳಿಯನ್ನು ತಕ್ಕಡಿಯಲ್ಲಿ ತೂಗಿ, ಸಾಕ್ಷಿಗಳ ಸಹಿ ಹಾಕಿಸಿ, ಮುಚ್ಚಿದ ಪತ್ರ ಒಂದು, ತೆರೆದ ಪತ್ರ ಒಂದು ಎರಡನ್ನೂ ಬಾರೂಕನ ಕೈಯಲ್ಲಿ ಕೊಟ್ಟು, ಬಹುಕಾಲ ಉಳಿಯುವಂತೆ ಮಣ್ಣಿನ ಗಡಿಗೆಯಲ್ಲಿ ಇಡಿಸಿದನು. ನಾಳೆ ತಾನು ಅಲ್ಲಿ ಉಳುವನೆಂಬ ಭರವಸೆ ಅವನಿಗಿರಲಿಲ್ಲ. ಮುಂದೆ ಯಾರೋ ಬಂದು ಆ ದೇಶದಲ್ಲಿ ತಿರಿಗಿ ಹೊಲಗಳನ್ನು ಕೊಳ್ಳುವರೆಂದು ನಂಬಿ, ತಾನು ಕಾಣದ ಅವರಿಗೋಸ್ಕರ ಕಾಗದವನ್ನು ಜೋಪಾನಮಾಡಿದನು. ಪ್ರಿಯರೇ, ನಿಮ್ಮ ಮನೆಯ ಅಟ್ಟದ ಮೇಲೆಯೂ ಹಳೇ ಪೆಟ್ಟಿಗೆಯಲ್ಲಿ ಕೆಲವು ಕಾಗದಗಳಿರಬಹುದು. ಮಳೆಗಾಲಕ್ಕೆ ಮುಂಚೆ ಅವುಗಳನ್ನು ಇಳಿಸಿ, ಗೆದ್ದಲು ಹಿಡಿದದೆಯೋ ನೋಡಿ, ಮಕ್ಕಳನ್ನು ಮುಂದೆ ಕುಳ್ಳಿರಿಸಿಕೊಂಡು ಓದಿಸಿರಿ. ಆ ಮೇಲೆ ಅವರನ್ನು ಕರಕೊಂಡು ಹೋಗಿ ನಿಮ್ಮ ಕಲ್ಲುಗಳು ಎಲ್ಲೆಲ್ಲಿ ಅವೆ ಎಂದು ತೋರಿಸಿರಿ, ನೆರೆಯವರ ಕಲ್ಲುಗಳನ್ನು ಸಹ ತೋರಿಸಿರಿ.